ಯಾವ ಕಣ್ಣಿಗೆ?

ಡಂಡೀ ಊರಿನ ಹಳೇ ಸೆಣಬಿನ ಗಿರಣಿ, ಮೂರನೇ ಮಹಡಿ.
ಹಲಗೆ ಸಂದಿಯಲ್ಲಿ ಇನ್ನೂ ಗೋಣಿಯ ನಾರು.
ಕಿಟಕಿಗಳಿಗೆಲ್ಲ ಕರಿಬಟ್ಟೆ; ಹೊರಗೆ ಟೇ ನದಿ ಇದೆ ಅಂತ ನಂಬಿಕೊಳ್ಳಬೇಕು.
ನನಗೊಂದು ಸ್ಟೂಲು, ಒಂದು ಟಾರ್ಚು.
ಕೆಲಸ: ಮುಟ್ಟಬೇಡಿ ಅನ್ನುವುದು.
ಬೆಳಕನ್ನು ಯಾರು ಮುಟ್ಟುತ್ತಾರೆ?
ಮಕ್ಕಳು ಮುಟ್ಟುತ್ತಾರೆ.

ಗೋಡೆಯ ಮೇಲೆ ನಲವತ್ತೊಂದು ನಿಮಿಷದ ಚಿತ್ರ.
ಗಾಜಿನಾಚೆ ಒಬ್ಬಳು, ಈಚೆ ಕ್ಯಾಮೆರಾ.
ಅವಳು ಗಾಜಿಗೆ ಬಿಳಿ ಬಳಿಯುತ್ತಾಳೆ.
ಮೊದಲು ಮೊಣಕೈ ಮರೆಯಾಗುತ್ತದೆ, ಆಮೇಲೆ ಕುತ್ತಿಗೆ,
ಕೊನೆಗೆ ಕುಂಚ ಹಿಡಿದ ಬೆರಳು.
ಮತ್ತೆ ಬಿಳಿ ಒಣಗುವುದಷ್ಟೇ, ಹದಿನೇಳು ನಿಮಿಷ.
ಜನ ಎದ್ದು ಹೋಗುವುದು ಇಲ್ಲೇ.
ನಾನು ಹೋಗುವಂತಿಲ್ಲ, ಸಂಬಳ ಇದಕ್ಕೇ.

ದಿನಕ್ಕೆ ಒಂಬತ್ತು ಸಲ ನೋಡಿದವಳು ಹೇಳುತ್ತೇನೆ:
ಎಡಮೂಲೆಯಲ್ಲಿ ಒಂದು ಗುಳ್ಳೆ ಒಡೆಯುತ್ತದೆ.
ಅಂಟಿಕೊಂಡ ಕುಂಚದ ಕೂದಲು
ಇರುವೆಯ ಹಾಗೆ ಇನ್ನೇನು ಹೊರಟಿತು ಅನಿಸುತ್ತದೆ,
ಹೊರಡುವುದಿಲ್ಲ.

ಜೂನಿನಲ್ಲಿ ನನ್ನ ಬಲಗಣ್ಣಿನ ಪೊರೆ ತೆಗೆದರು.
ಪಟ್ಟಿ ಬಿಚ್ಚಿ ನೋಡಿದರೆ
ಬಚ್ಚಲ ಟೈಲು ನೀಲಿ, ಹಾಲು ನೀಲಿ,
ಗಂಡನ ನರೆಗೂದಲೂ ನೀಲಿ.
ಎಡಗಣ್ಣಿಗೆ ಮಾತ್ರ ಎಲ್ಲ ಹಳೆಯ ಹಾಗೇ,
ತುಪ್ಪ ಸವರಿದ ಬಿಳುಪು.
ಇಷ್ಟು ವರ್ಷ ಅದನ್ನೇ ಬಿಳಿ ಅಂದುಕೊಂಡಿದ್ದೆ.
ಬೆಳ್ಳಗಿರುವುದೆಲ್ಲ ಹಾಲಲ್ಲ, ಒಪ್ಪಿದೆ;
ಹಾಲೇ ಬೆಳ್ಳಗಿಲ್ಲದಿದ್ದರೆ?

ಆಗಿನಿಂದ ಹದಿನೇಳು ನಿಮಿಷ ಸಾಲುತ್ತಿಲ್ಲ.
ಕತ್ತಲಲ್ಲಿ ಕೂತು, ಯಾರಿಗೂ ಕಾಣದ ಹಾಗೆ
ಒಂದು ಕಣ್ಣು ಮುಚ್ಚುತ್ತೇನೆ, ತೆರೆಯುತ್ತೇನೆ, ಇನ್ನೊಂದು ಮುಚ್ಚುತ್ತೇನೆ.
ಗೋಡೆ ಹೊತ್ತು ಬದಲಿಸುತ್ತದೆ.

ಮಂಗಳವಾರ ಪ್ರೊಜೆಕ್ಟರಿನ ದೀಪ ಬದಲಾಯಿಸಿದರು.
ಇಶ್ಬೆಲ್ ರಾಟ್ರೆ ಬಂದಳು, ಗಾಜಿನಾಚೆಯ ಅವಳೇ,
ಹತ್ತು ವರ್ಷ ಹೆಚ್ಚು ವಯಸ್ಸಾಗಿ, ಕೈಯಲ್ಲೊಂದು ಮೀಟರು ಹಿಡಿದು.
'ಹಳದಿ ಜಾಸ್ತಿಯಾಯಿತೆ?' ನನ್ನನ್ನೇ ಕೇಳಿದ್ದು.
'ಯಾವ ಕಣ್ಣಿಗೆ?' ಅಂದುಬಿಟ್ಟೆ.

ಅವಳು ನಗಲಿಲ್ಲ.
ಮೀಟರು ಜೇಬಿಗಿಳಿಸಿ ಹಲಗೆಯ ಮೇಲೆ ಕೂತಳು.
'ಎಡದಿಂದ ಶುರುಮಾಡಿ.'
ಹೇಳುತ್ತಾ ಹೋದೆ. ಬಲಗಣ್ಣಿಗೆ ಬರುವಷ್ಟರಲ್ಲಿ ಇಂಗ್ಲಿಷು ತೀರಿತು.
ನನಗೆ ಬೇಕಾದದ್ದು ಸುಣ್ಣದ ಮಾತು:
ಬಳಿದಾಗ ಗೋಡೆ ಬರೀ ಒದ್ದೆ ಕಾಣುತ್ತದೆ,
ಬಳಿದವರು ಕೈ ತೊಳೆದು ಉಣ್ಣಲು ಕೂತ ಮೇಲೆ
ತನ್ನಷ್ಟಕ್ಕೆ ತಾನು ಬೆಳ್ಳಗಾಗುತ್ತದೆ.
ಕೈಯಲ್ಲಿ ಬಳಿದು ತೋರಿಸಿದೆ.
ಅವಳು ಗೋಡೆ ನೋಡುತ್ತಿರಲಿಲ್ಲ, ನನ್ನ ಕೈ ನೋಡುತ್ತಿದ್ದಳು.
ದೀಪ ಹಾಗೇ ಇರಲಿ ಅಂದಳು.

ಆಸ್ಪತ್ರೆಯಿಂದ ಕಾಗದ ಬಂದಿದೆ:
ಎಡಗಣ್ಣು, ನವೆಂಬರ್ ಮೂರು.
ಪ್ರದರ್ಶನ ಇಪ್ಪತ್ತರವರೆಗೂ ಇದೆ.
ನಾಳೆ ಫೋನು ಮಾಡಿ ಕೇಳಬೇಕು,
ಸ್ವಲ್ಪ ಮುಂದೆ ಹಾಕಲಾದೀತೇ ಅಂತ.