ಮೂರನೆಯ ಕಾಲು

ಫೇನರ್ ಸಾಹೇಬರೇ,
ನಿಮ್ಮ ಮುಕ್ಕಾಲಿಯ ಮೂರನೆಯ ಕಾಲು ಸಿದ್ಧವಾಗಿದೆ.
ಬೀಟೆ. ಕಾಕನಕೋಟೆ ಕಡೆಯದು,
ಹದಿನೇಳು ವರ್ಷ ಅಟ್ಟದ ಮೇಲೆ ಒಣಗಿದ್ದು.
ಉಳಿದೆರಡು ನಿಮ್ಮ ದೇಶದ ಬಿಳಿಮರ.
ನೋಡಿದವರು, ಒಂದು ಕಾಲು ಮಾತ್ರ
ಬಿಸಿಲಲ್ಲಿ ದುಡಿದಿದೆ ಅನ್ನುತ್ತಾರೆ.
ಕೂಲಿ ನಾಲ್ಕು ರೂಪಾಯಿ ಆರಾಣೆ.
ಅವಸರವಿಲ್ಲ.

ಮಂಡಿ ಮೊಹಲ್ಲದ ಈ ಅಂಗಡಿಗೆ ಮೊದಲ ಸಲ ಬಂದಾಗ
ಜಟಕಾದಿಂದ ಪೆಟ್ಟಿಗೆಯೊಂದನ್ನು ಇಳಿಸಿದಿರಿ,
ಹಸುಗೂಸನ್ನು ಇಳಿಸುವ ಹಾಗೆ.
ಹೆಸರೇನು ಅಂದಿರಿ. ಮೌನಾಚಾರಿ ಅಂದೆ.
ದುಬಾಷಿ ಅರ್ಥ ಬಿಡಿಸಿದ.
ನೀವು ನಕ್ಕ ನಗೆಗೆ ಮರದ ಹೊಟ್ಟು ಎದ್ದು ಕೂತಿತು:
ಚಿತ್ರಕ್ಕೆ ಮಾತು ಬಂದು ನಮ್ಮೂರಲ್ಲಿ ನನ್ನ ಅನ್ನ ಹೋಯಿತು,
ಇಲ್ಲಿ ನೋಡಿದರೆ ಮೌನವೇ ಅಂಗಡಿ ಇಟ್ಟಿದೆ.

ಮರವಜ್ರ ಕಾಯುವ ತನಕ ನೀವು ಹೇಳಿದ್ದು,
ಒಂದೊಂದು ಸಲಕ್ಕೆ ಒಂದೊಂದು ತುಂಡು:
ಬರ್ಲಿನ್ನಿನಲ್ಲಿ ಗಾಜಿನ ಮನೆ ಕಟ್ಟಿ
ಅದರೊಳಗೆ ಒಂದು ಬೀದಿ ಕಟ್ಟಿದ್ದು.
ಕುಡುಕನ ಕಣ್ಣಿಗೆ ಕೋಣೆ ಹೇಗೆ ತಿರುಗುತ್ತದೆಂದು ತೋರಿಸಲು
ಯಂತ್ರವನ್ನು ಎದೆಗೆ ಬಿಗಿದು ಉಯ್ಯಾಲೆ ಹತ್ತಿದ್ದು,
ಮೂರು ದಿನ ವಾಂತಿ.
ಇದ್ದಿಲ ಕಡ್ಡಿಯ ದೀಪಗಳು ಕಣ್ಣಿಗೆ ಮರಳು ಸುರಿದದ್ದು,
ರಾತ್ರಿ ಹಸಿ ಆಲೂಗೆಡ್ಡೆಯ ಬಿಲ್ಲೆ ಕಟ್ಟಿಕೊಂಡು
ಹೆಂಡತಿಯ ಮುಖ ಕಾಣದೆ ಮಲಗಿದ್ದು.
ಆಮೇಲೆ, ಯಂತ್ರದ ಸದ್ದು ಮಾತಿನ ನಡುವೆ ಕೇಳಬಾರದೆಂದು
ಅದನ್ನೂ ನಿಮ್ಮನ್ನೂ ಕಂಬಳಿ ಹೊದಿಸಿದ ಗೂಡಲ್ಲಿ ಕೂಡಿಹಾಕಿದ್ದು.
ಏಣಿ ಇಳಿಯುತ್ತಿದ್ದ ಕಣ್ಣು ಅದು, ಆಚಾರಿ.
ಗೂಡಲ್ಲಿ ಕೂತು ಕುಂಟಾಯಿತು.

ಮಂಡ್ಯದಲ್ಲಿ ಹೊಸ ಸಕ್ಕರೆ ಕಾರ್ಖಾನೆ ಎದ್ದಿತಲ್ಲ,
ಜಾಹೀರಾತಿನವರು ಕೇಳಿದ್ದು ಚಿಮಣಿ.
ನೀವು ಹಿಡಿದದ್ದು ಚಿಮಣಿಯ ಹೊಗೆಯ ನೆರಳು,
ಕಬ್ಬು ಕಡಿಯುವ ಹೆಂಗಸರ ಬೆನ್ನ ಮೇಲೆ ಅದು ಹರಿದು ಹೋದದ್ದು.
ನೆರಳಿಗೆಲ್ಲ ದುಡ್ಡು ಕೊಡೋಕಾಗಲ್ಲ ಅಂದರು.
ಆ ಹೊತ್ತಿಗೆ ನಿಮ್ಮ ಕಣ್ಣು ಸಂಜೆಗೆ ಮಂಜಾಗುತ್ತಿತ್ತು.
ಹಿಡಿ ನೀನು ತಿರುಗಿಸು ಅಂದಿರಿ,
ಸೆಕೆಂಡಿಗೆ ಎರಡು ಸುತ್ತು, ಒಂದು ಹೆಚ್ಚಲ್ಲ ಒಂದು ಕಮ್ಮಿಯಲ್ಲ.
ನಿಮಗೆ ಲೆಕ್ಕಕ್ಕೆ ಸಿಪಾಯಿಗಳ ಹಾಡಿತ್ತು.
ನನಗೆ ಹಾಡಿರಲಿಲ್ಲ. ಕೀಸುಳಿ ಇತ್ತು.
ತೇಗದ ಹಲಗೆಯ ಮೇಲೆ ಎಳೆಯುತ್ತಿದ್ದೇನೆ ಎಂದುಕೊಂಡೆ,
ತೋಳು ತಾನೇ ತಿರುಗಿತು.

ಕಬ್ಬಿನ ಗಾಡಿಯ ಮೇಲೆ ಮುಕ್ಕಾಲಿ ನಿಲ್ಲಿಸಿದ್ದು ನಿಮ್ಮ ಹಟ.
ನಾಲೆಯ ಏರಿಯಲ್ಲಿ ಎಡದೆತ್ತು ಮುಗ್ಗರಿಸಿತು.
ನೀವು ಯಂತ್ರವನ್ನು ತಬ್ಬಿಕೊಂಡು ಬಿದ್ದಿರಿ.
ಮುರಿದದ್ದು ಒಂದು ಕಾಲು, ನಿಮ್ಮದಲ್ಲ.

ಯುದ್ಧ ಶುರುವಾದ ವಾರವೇ ಪೊಲೀಸರು ಬಂದರಂತೆ.
ಶತ್ರು ದೇಶದವರು ಅಂತ.
ಯಂತ್ರವನ್ನೂ ಒಯ್ದರು. ಅಹ್ಮದ್‌ನಗರ ಅಂದರು ಕೆಲವರು,
ಸ್ಟೇಷನ್ನಿನ ಪೋರ್ಟರು ಡೆಹ್ರಾಡೂನ್ ಅಂದ.
ಅದಕ್ಕೇ ಈ ಕಾಗದಕ್ಕೆ ಮೇಲ್ವಿಳಾಸ ಬರೆದಿಲ್ಲ.

ನೀವು ಬಿಟ್ಟ ತಗಡಿನ ಡಬ್ಬಿ ಬಾವಿಯ ಗೂಡಲ್ಲಿದೆ.
ವಜ್ರದ ಒಲೆಯ ಹತ್ತಿರ ಇಡಬೇಡ,
ನೀರೊಳಗೂ ಉರಿಯುತ್ತದೆ ಅಂದಿದ್ದಿರಿ.
ಒಂದು ದಿನ ತಡೆಯದೆ ಬಿಸಿಲಿಗೆ ಹಿಡಿದೆ.
ಎತ್ತು ಕರ್ರಗೆ, ಹೊಗೆ ಬೆಳ್ಳಗೆ, ಎಲ್ಲ ತಿರುಗುಮುರುಗು.
ಒಂದು ಗೇಣಿಗೆ ಹನ್ನೆರಡು ಗಾಡಿ.
ಹನ್ನೆರಡೂ ನಿಂತಿವೆ, ಒಂದೂ ಹೊರಡುವುದಿಲ್ಲ.
ಒಂದರಿಂದ ಇನ್ನೊಂದಕ್ಕೆ ಚಕ್ರದ ಅರ ಕೂದಲೆಳೆ ಸರಿದಿದೆ.
ಆ ಕೂದಲೆಳೆ, ಸಾಹೇಬರೇ, ನನ್ನ ತೋಳು.

ಮುಕ್ಕಾಲಿ ಅಂಗಡಿಯ ಬಾಗಿಲಲ್ಲಿ ನಿಂತಿದೆ.
ಮಗ ಅಂಗಿ ನೇತುಹಾಕಿದ, ಬೈದೆ.
ಐದೂವರೆಗೆ ಬಿಸಿಲು ಒಳಗೆ ಬಂದು
ಅದರ ನೆರಳನ್ನು ಹಿಂದಿನ ಗೋಡೆಗೆ ಹಾಕುತ್ತದೆ,
ಆಗ ಯಾವುದು ಬೀಟೆ ಯಾವುದು ಬಿಳಿಮರ
ಮಾಡಿದ ನನಗೂ ಹೇಳಲಾಗುವುದಿಲ್ಲ.

ಆರಾಣೆ ಬಿಟ್ಟಿದ್ದೇನೆ.
ನಾಲ್ಕು ರೂಪಾಯಿ ನೀವೇ ಬಂದು ಕೊಡಿ.