ಅರ್ತಿಂಗು

ಮೂವತ್ತೊಂದು ವರ್ಷ ನನ್ನ ಕೆಲಸವೆಂದರೆ
ನೆಲ ಮುಟ್ಟದೆ ಇರುವುದು.
ಕೆರಗೋಡು ಸೆಕ್ಷನ್ನಿನ ಲೈನ್‌ಮನ್ನು,
ಕಂಬದ ಮೇಲೆ, ಏಣಿಯ ಮೇಲೆ, ರಬ್ಬರ್ ಬೂಟಿನ ಮೇಲೆ.
ಕೆಳಗೆ ಕಬ್ಬು, ಮೇಲೆ ಕಾಗೆ,
ನಡುವೆ ನಾನು. ಕಾಗೆಯ ಕಾನೂನೇ ನನಗೂ:
ತಂತಿ ಹಿಡಿದೆಯೋ, ಮಣ್ಣಿನ ನಂಟು ಬಿಡು.

ಬೇಸಿಗೆಗೆ ಮಾತ್ರ ಕೊಡ ಹೊತ್ತು ಹೋಗುತ್ತಿದ್ದೆ
ಟಿ.ಸಿ. ಬುಡದ ಗುಂಡಿಗೆ ನೀರು ಹುಯ್ಯಲು.
ಒಂದು ಪದರ ಇದ್ದಿಲು, ಒಂದು ಪದರ ಕಲ್ಲುಪ್ಪು,
ನಡುವೆ ಕೊಳವೆ.
ಗೊಳಗೊಳ ಕುಡಿದು ಒಂದು ಗುಳ್ಳೆ ಬಿಡುತ್ತಿತ್ತು.
"ಒಣಗಿದ್ ನೆಲ ಏನ್ ಕೊಟ್ರೂ ಇಸ್ಕೊಳಲ್ಲ ಕಣ್ಲಾ"
ಅನ್ನುತ್ತಿದ್ದರು ಮೇಸ್ತ್ರಿ ಮಾದಾಚಾರ್ರು.
ಅವರು ಹೇಳಿದ್ದು ಕರೆಂಟಿನ ಮಾತು.
ನಾನೂ ಹಾಗೆಂದೇ ಕೇಳಿಸಿಕೊಂಡೆ.

ಒಂದು ಸಲ ಹೊಡೆದಿತ್ತು, ಹಲ್ಲೆಗೆರೆಯ ಬಯಲಲ್ಲಿ.
ನಾಟಿ ಹೆಂಗಸರು ಎಳೆದು ತಂದು ಕೆಸರಲ್ಲಿ
ಕುತ್ತಿಗೆ ತನಕ ಹೂತಿಟ್ಟರು.
ಅದು ಮದ್ದಲ್ಲ, ಬರೀ ನಂಬಿಕೆ ಎಂದು ಬೈದರು ಡಾಕ್ಟರು.
ಇರಬಹುದು.
ಬೆನ್ನಿಗೆ ಮಾತ್ರ ಆ ತಂಪು ಇನ್ನೂ ಬಾಯಿಪಾಠ.

ಈಗ ರಿಟೈರು. ಈಗ ಸಕ್ಕರೆ ಕಾಯಿಲೆ.
ಮಂಡ್ಯದ ದೊಡ್ಡಾಸ್ಪತ್ರೆಯಲ್ಲಿ ಮೊಮ್ಮಗಳಂಥ ಡಾಕ್ಟರು
ಅಂಗಾಲಿಗೆ ನೈಲಾನ್ ಎಳೆ ಒತ್ತಿ ಕೇಳಿದರು: "ಗೊತ್ತಾಗುತ್ತಾ?"
"ಶುರು ಮಾಡಿ ಮೇಡಂ" ಅಂದೆ.
ಅವರು ಮಾಡಿ ಮುಗಿಸಿದ್ದರು.
"ಇನ್ನು ಬರಿಗಾಲಲ್ಲಿ ನಡೀಬೇಡಿ. ಮನೆ ಒಳಗೂ."
ಕಂಬದಿಂದ ಇಳಿದವನಿಗೆ ಮತ್ತೆ ಬೂಟು.
ಈ ಸಲ ರಬ್ಬರು ಚರ್ಮದೊಳಗೇ ಬೆಳೆದಿದೆ.

ಇವತ್ತು ಮಧ್ಯಾಹ್ನ ಹಿತ್ತಿಲಿಗೆ ಹೋದೆ.
ಚಪ್ಪಲಿ ಬಿಡಲಿಲ್ಲ, ಡಾಕ್ಟರ ಮಾತು ಮೀರಲಿಲ್ಲ.
ಅಂಗಿ ಬಿಚ್ಚಿ, ಬಾಳೆಯ ಪಾತಿ ಪಕ್ಕ
ಬೆನ್ನು ಕೊಟ್ಟು ಮಲಗಿದೆ.
ಮೊದಲು ಬಿಸಿ. ಒಂದು ಬೆಣಚುಕಲ್ಲು. ಒಣಗಿದ ದಂಟು.
ಆಮೇಲೆ, ಬಹಳ ಹೊತ್ತಿನ ಆಮೇಲೆ, ನೆಲ.
ಮೇಲೆ ನನ್ನದೇ ಕೈ ಎಳೆದ ಸರ್ವಿಸ್ ತಂತಿ
ಜೋತುಬಿದ್ದಿದೆ, ಯಾರಾದರೂ ಬಿಗಿ ಮಾಡಬೇಕು.
ನಾನಲ್ಲ.

ಶಿವನಂಜಿ ಪಾತ್ರೆ ತೊಳೆದ ನೀರು ತಂದು
ಬಾಳೆಗೆ ಹುಯ್ದಳು, ನನ್ನನ್ನು ನೋಡದೆ.
ನೀರು ಪಾತಿ ದಾಟಿ, ದಾರಿ ಹುಡುಕಿ,
ಬೆನ್ನ ಕೆಳಗೆ ಬಂತು.
ಗೊಳಗೊಳ ಎಂದಿತು ಏನೋ,
ಮಣ್ಣೋ, ನಾನೋ.

"ಅಯ್ಯೋ, ಏಳಿ ಮೇಲಕ್ಕೆ, ಅದು ಇರುವೆ ಗೂಡು!"

ಗೊತ್ತಾಗುತ್ತಿತ್ತು.
ಒಂದೊಂದು ಕಡಿತವೂ.