ಗುರುತು ಸಿಗದ ಸಾಧನ

ಕುಮಾಸಿಯ ಕೆಜೆಟಿಯಾ ಮಾರುಕಟ್ಟೆಯ ಹಿಂಬದಿಗೆ
ಒಂದು ಕೊಡೆ, ಒಂದು ಮೇಜು, ಕೀಲು ಸಡಿಲಾದ ಲ್ಯಾಪ್‌ಟಾಪು.
ಇಷ್ಟೇ ನನ್ನ ಅಂಗಡಿ.
ಹರ್ಮಟಾನ್ ಗಾಳಿಯ ತಿಂಗಳು. ಕೀಲಿಮಣೆಯ ಮೇಲೆ
ಸಹಾರಾ ದಿನಕ್ಕೊಂದು ಪದರ ಬಂದು ಕೂರುತ್ತದೆ,
ಕೇಳದೆ, ಬಾಡಿಗೆ ಕೊಡದೆ.

ಡುಫಿಯೆ ಅಜ್ಜಿ ಸೊಂಟದ ಗಂಟು ಬಿಚ್ಚಿ ಫೋನಿಟ್ಟಳು.
ಅಗ್ಗದ ಫೋನು. ಎರಡು ಸಿಮ್ಮು, ಬೆನ್ನಿಗೆ ರಬ್ಬರ್ ಬ್ಯಾಂಡು.
ಲೋಗೋ ಬರುತ್ತದೆ, ಹೋಗುತ್ತದೆ, ಮತ್ತೆ ಬರುತ್ತದೆ,
ಹೊಸಿಲವರೆಗೆ ಬಂದು ಒಳಗೆ ಬಾರದ ನೆಂಟನ ಹಾಗೆ.
‘ಸಾಲದ ಹಲಗೆಯ ಫೋಟೋ ಎಲ್ಲ ಇದರಲ್ಲಿದೆ.
ಹಲಗೆಯನ್ನು ಮೊಮ್ಮಗ ಒರೆಸಿ ಆನೆ ಬರೆದ.
ಯಾರು ಎಷ್ಟು ಯಾಮ್ ಗೆಡ್ಡೆ ಒಯ್ದರೋ
ಈಗ ದೇವರನ್ನೇ ಕೇಳಬೇಕು. ಅವನೂ ಸಾಲಗಾರನೇ.’

ಕೇಬಲ್ ಚುಚ್ಚಿದೆ. ಬ್ಯಾಟರಿ ತುಂಬತೊಡಗಿತು,
ಕಂಪ್ಯೂಟರ್ ಮಾತ್ರ ಕಣ್ಣೆತ್ತಿ ನೋಡಲಿಲ್ಲ.
ಡ್ರೈವರ್ ತೆಗೆದೆ, ಹಾಕಿದೆ, ಬೈದೆ, ಮತ್ತೆ ಹಾಕಿದೆ.
ಕೆಲಸ ಕಲಿಯಲು ಬಂದ ಹುಡುಗಿ ಪೊಕುವಾ
ಕೇಬಲನ್ನು ಬೆರಳಲ್ಲಿ ಹಿಡಿದು ತೂಗಿ ಅಂದಳು:
‘ಗುರುವೇ, ತೆಳ್ಳಗಿದೆ. ಎರಡೇ ತಂತಿ.’

ಹೌದಲ್ಲ. ಕರೆಂಟಿಗೆ ಎರಡು ತಂತಿ, ಮಾತಿಗೆ ಇನ್ನೆರಡು.
ಹೊಟ್ಟೆಗೆ ಹಾಕುವವರೆಲ್ಲ ಮಾತಾಡಿಸುವವರಲ್ಲ.
ಇದನ್ನು ನಾನು ನನ್ನ ದೊಡ್ಡಪ್ಪನ ಮನೆಯಲ್ಲೇ ಕಲಿತಿದ್ದೆ,
ಕೇಬಲ್ ವಿಷಯದಲ್ಲಿ ಮರೆತಿದ್ದೆ.

ಡಬ್ಬಿಯ ತಳದ ದಪ್ಪ ಕೇಬಲ್. ಟುಡುಂಗ್ ಎಂಬ ಸದ್ದು.
ತೆರೆಯ ಮೇಲೆ ಹಳದಿ ತ್ರಿಕೋನ:
ಯಾರೋ ಬಂದಿದ್ದಾರೆ, ಯಾರೆಂದು ತಿಳಿಯದು.
ಶೆನ್ಝೆನ್‌ನಲ್ಲಿ ಹುಟ್ಟಿದ ಚಿಪ್ಪಿಗೂ
ಮೂರನೇ ಕೈಯಿಂದ ಕೊಂಡ ವಿಂಡೋಸಿಗೂ ನಡುವೆ
ಒಬ್ಬ ದುಭಾಷಿ ಬೇಕು. ನನ್ನ ಪೆನ್‌ಡ್ರೈವಿನಲ್ಲಿದ್ದಾನೆ,
ಯಾರ ಸಹಿಯೂ ಇಲ್ಲದವನು.
ಸಹಿ ಇಲ್ಲದವರನ್ನು ಬಿಡುವುದಿಲ್ಲ, ಅಂದಿತು ಯಂತ್ರ.
ನನಗೂ ಯಾರೂ ಸಹಿ ಹಾಕಿ ಕೊಟ್ಟಿಲ್ಲ ಕಣಪ್ಪಾ,
ಹನ್ನೊಂದು ವರ್ಷವಾಯಿತು ಈ ಕೊಡೆಯ ಕೆಳಗೆ.

ಮರುಚಾಲನೆ. ಏಳನೇ ಕೀಲಿ ಒತ್ತಿದರೆ
ಕಾವಲುಗಾರ ಒಮ್ಮೆ ಬೇರೆ ಕಡೆ ನೋಡುತ್ತಾನೆ.
ಒತ್ತುವಷ್ಟರಲ್ಲಿ ಡುಮ್‌ಸೋರ್:
ಇಡೀ ಸಾಲಿಗೆ ಕರೆಂಟು ಹೋಯಿತು.
ನನ್ನ ಲ್ಯಾಪ್‌ಟಾಪಿನ ಬ್ಯಾಟರಿ ಹೆಸರಿಗಷ್ಟೇ.
ಅಜ್ಜಿ ಕದಲಲಿಲ್ಲ. ಕೆಂಕೆ ತಿಂದಳು, ಎಲೆ ಮಡಚಿದಳು,
ಪೊಕುವಾಳ ಜಡೆ ಬಿಚ್ಚಿ ಮತ್ತೆ ಹೆಣೆದಳು.

ಸಂಜೆ ಐದೂವರೆ. ವಾಲ್ಯೂಮ್ ಕೀಲಿ ಅದುಮಿ ಹಿಡಿದು
ಚುಚ್ಚಿದಾಗ ಬಾಗಿಲು ತೆರೆಯುವುದು
ಎರಡೇ ಸೆಕೆಂಡು. ಮೂರು ಸಲ ತಪ್ಪಿತು.
ನಾಲ್ಕನೆಯದು ಪೊಕುವಾಳ ಹೆಬ್ಬೆರಳು.
ತ್ರಿಕೋನ ಕರಗಿ ಹೆಸರೊಂದು ಮೂಡಿತು, ಸಂಖ್ಯೆ ಸಮೇತ.
ಕೆಟ್ಟ ಭಾಗವನ್ನಷ್ಟೇ ಬರೆದೆವು;
ಅಜ್ಜಿಯ ಫೋಟೋಗಳ ಕೋಣೆಗೆ ಕೈ ಹಾಕಲಿಲ್ಲ.

ಲೋಗೋ ಬಂತು. ಹೋಯಿತು.
ನಾವು ಮೂವರೂ ಉಸಿರು ಬಿಡಲಿಲ್ಲ.
ಗಡಿಯಾರ ಬಂತು, ತಪ್ಪು ಹೊತ್ತು ತೋರಿಸುತ್ತ.

ಅಜ್ಜಿ ‘ಮೆದಾಸೆ’ ಎನ್ನಲಿಲ್ಲ. ಕನ್ನಡಕ ಏರಿಸಿ
ಹಲಗೆಯ ಫೋಟೋಗಳನ್ನು ಒಂದೊಂದಾಗಿ ಸರಿಸಿದಳು,
ಐದನೆಯದನ್ನು ಎರಡು ಬೆರಳಲ್ಲಿ ಹಿಗ್ಗಿಸಿ
ನನ್ನ ಮೂಗಿಗೆ ಹಿಡಿದಳು.

ಸೀಮೆಸುಣ್ಣದಲ್ಲಿ, ಸೊಟ್ಟ ಅಕ್ಷರದಲ್ಲಿ:
ಕೊಡೆಯ ಕೆಳಗಿನ ಫೋನಿನವನು. ಮೂರು ಗೆಡ್ಡೆ. ಮಾರ್ಚಿಯಿಂದ.

ಪೊಕುವಾ ಕೇಬಲ್ ಸುತ್ತುತ್ತ
ತುಂಬಾ ಹೊತ್ತು ತಲೆ ತಗ್ಗಿಸಿಯೇ ಇದ್ದಳು.
ಭುಜ ಮಾತ್ರ ಕುಲುಕುತ್ತಿತ್ತು.